ಬಕೆಟ್ಟಿನಲ್ಲಿ ಮುಳುಗುವ ದೋಣಿ: ಪುಟ್ಟ ಮಕ್ಕಳ ನೋವು ಆಟವಾಗುವ ಬಗೆ

ನಮ್ಮ ಕರಾವಳಿಯಲ್ಲಿ ಯಾಂತ್ರಿಕ ದೋಣಿಗಳ ಮೀನುಗಾರಿಕೆಗೆ ಜೂನ್ 1ರಿಂದ ಜುಲೈ 31ರವರೆಗೆ 61 ದಿನಗಳ ನಿಷೇಧವಿರುತ್ತದೆ. ಆ ಎರಡು ತಿಂಗಳು ಮನೆಯಲ್ಲೇ ಇದ್ದು, ಬಲೆ ಸರಿಮಾಡುತ್ತ, ಮಗುವನ್ನು ಹೆಗಲ ಮೇಲೆ ಕೂರಿಸಿಕೊಂಡು ತಿರುಗಿದ ಅಪ್ಪ ಆಗಸ್ಟ್ ಬಂದೊಡನೆ ಒಂದು ಬೆಳಗಿನ ಜಾವ ಬೋಟು ಹತ್ತಿ ಹೋಗುತ್ತಾನೆ. ಒಮ್ಮೊಮ್ಮೆ ವಾರ ಕಳೆದರೂ ಮರಳುವುದಿಲ್ಲ. ತದಡಿಯಲ್ಲೋ ಬೈತಖೋಲದಲ್ಲೋ ಇರುವ ಇಂಥದೊಂದು ಮನೆಯನ್ನು ಕಲ್ಪಿಸಿಕೊಳ್ಳಿ. ಅಪ್ಪ ಹೋದ ಮೂರನೆಯ ದಿನ ನಾಲ್ಕು ವರ್ಷದ ಹುಡುಗ ಬಾವಿಕಟ್ಟೆಯ ಬಳಿ ನೀರು ತುಂಬಿದ ಬಕೆಟ್ಟಿನ ಮುಂದೆ ಕುಳಿತಿದ್ದಾನೆ. ತೆಂಗಿನ ಕರಟವೊಂದನ್ನು ತೇಲಿಬಿಟ್ಟು, ಅದರೊಳಗೆ ಒಂದು ಕಪ್ಪೆಚಿಪ್ಪನ್ನು ಕೂರಿಸಿ, ಕೈಯಿಂದ ಅಲೆ ಎಬ್ಬಿಸಿ ಮುಳುಗಿಸುತ್ತಾನೆ, ಎತ್ತುತ್ತಾನೆ, ಮತ್ತೆ ಮುಳುಗಿಸುತ್ತಾನೆ. ಕಂಡ ಅಜ್ಜಿಯ ಎದೆ ಧಸಕ್ಕೆನ್ನುತ್ತದೆ. “ಬಿಡ್ತು ಅನ್ನು! ಅಪ್ಪ ಕಡಲಲ್ಲಿರುವಾಗ ಅಂಥ ಆಟ ಆಡ್ತಾರೇನೋ?” ಎನ್ನುತ್ತ ಕರಟವನ್ನು ಕಿತ್ತುಕೊಂಡು ತೆಂಗಿನ ಬುಡಕ್ಕೆ ಎಸೆಯುತ್ತಾಳೆ.

ಅಜ್ಜಿಯ ಭಯವನ್ನು ನಾನು ಹಗುರವಾಗಿ ಕಾಣಲಾರೆ. ಕಡಲನ್ನು ನಂಬಿ ಬದುಕಿದ ಮನೆಗಳಲ್ಲಿ ಮುಳುಗುವುದೆಂಬ ಮಾತನ್ನು ಬಾಯಿಗೆ ತಂದುಕೊಳ್ಳದಿರುವುದಕ್ಕೆ ತಲೆಮಾರುಗಳ ಕಾರಣಗಳಿವೆ. ಆದರೆ ಅಜ್ಜಿಯನ್ನು ಕಾಡುವ ಭಯವೇ ಮೊಮ್ಮಗನನ್ನೂ ಕಾಡುತ್ತಿದೆ. ಅಜ್ಜಿ ಅದನ್ನು ಸಂಜೆ ದೇವರ ಮುಂದೆ ದೀಪ ಹಚ್ಚಿ ಹೇಳಿಕೊಳ್ಳುತ್ತಾಳೆ, ನೆರೆಮನೆಯವಳ ಜೊತೆ ಮಾತಾಡಿ ಹಗುರಮಾಡಿಕೊಳ್ಳುತ್ತಾಳೆ. ಹುಡುಗನ ಬಳಿ ಇದ್ದುದು ಆ ಕರಟ ಮತ್ತು ಬಕೆಟ್ಟು. ಅವು ಹೋದ ಮೇಲೆ ಭಯ ಉಳಿಯಿತು, ಹೇಳುವ ದಾರಿ ಮುಚ್ಚಿತು.

ಎರಡರಿಂದ ಏಳು ವರ್ಷದ ಮಕ್ಕಳು ಕಷ್ಟದ ಭಾವನೆಗಳನ್ನು ಆಟದ ಮೂಲಕ ಹೇಗೆ ಹೊರಹಾಕುತ್ತಾರೆ, ಮನೆಯವರು ಮತ್ತು ಅಂಗನವಾಡಿಯ ಅಕ್ಕೋರು ಅದಕ್ಕೆ ಹೇಗೆ ಜೊತೆಯಾಗಬಹುದು ಎಂಬುದನ್ನು ಇಲ್ಲಿ ಬಿಡಿಸಿ ಹೇಳಲು ಪ್ರಯತ್ನಿಸಿದ್ದೇನೆ. ನನ್ನ ಮಟ್ಟಿಗೆ ಇದರ ತಿರುಳು ಒಂದೇ: ಮಗು ಆಟದೊಳಗೆ ಹೇಳಿದ್ದಕ್ಕೆ ಆಟದೊಳಗಿನಿಂದಲೇ ಉತ್ತರ ಕೊಡಬೇಕು. ಕೇಳಲು ಇದು ಸುಲಭ; ಆಡಲು ಕೂತಾಗ ದೊಡ್ಡವರಾದ ನಮಗೆ ಇದೇ ಎಲ್ಲಕ್ಕಿಂತ ಕಷ್ಟ.

ಮಾತು ಬಂದರೂ ಹೇಳಲು ಬಾರದ್ದು

“ಯಾಕೆ ಅಳ್ತೀಯ?” ಎಂಬ ಪ್ರಶ್ನೆಗೆ ಮೂರು-ನಾಲ್ಕು ವರ್ಷದ ಮಗು ಕೊಡುವ ಉತ್ತರ ಬಹಳ ಸಲ ಮೌನ, ಇಲ್ಲವೇ ಇನ್ನಷ್ಟು ಅಳು. ನಾವು ಅದನ್ನು ಹಟ ಎನ್ನುತ್ತೇವೆ. ಆ ಪ್ರಶ್ನೆ ಮಗುವಿನಿಂದ ಏನನ್ನು ಬೇಡುತ್ತದೆ ಎಂಬುದನ್ನು ಸ್ವಲ್ಪ ಬಿಡಿಸಿ ನೋಡಬೇಕು. ತನ್ನ ಒಳಗೆ ಆಗುತ್ತಿರುವುದನ್ನು ಅದು ಗಮನಿಸಬೇಕು, ಅದಕ್ಕೊಂದು ಹೆಸರು ಹುಡುಕಬೇಕು, ಅದು ಎಲ್ಲಿಂದ ಶುರುವಾಯಿತೆಂದು ಹಿಂದಕ್ಕೆ ಹೋಗಿ ನೆನೆಯಬೇಕು, ಹೇಳಿದರೆ ಎದುರಿಗಿರುವವರು ಬೈದಾರೋ ನಕ್ಕಾರೋ ಎಂದು ಅಳೆಯಲೂಬೇಕು. ಇದಿಷ್ಟನ್ನೂ ಅಳುವಿನ ನಡುವೆಯೇ ಮಾಡಬೇಕು. ಶಬ್ದಗಳು ಬಂದ ಮಾತ್ರಕ್ಕೆ ಈ ಕೆಲಸ ಬರುವುದಿಲ್ಲ. ಹಾಗಾಗಿ ಹೇಳಲಾಗದ್ದು ಮೊದಲು ಮೈಯಲ್ಲಿ ಕಾಣಿಸಿಕೊಳ್ಳುತ್ತದೆ: ಅಂಗನವಾಡಿಗೆ ಹೊರಡುವ ಹೊತ್ತಿಗೇ ಬರುವ ಹೊಟ್ಟೆನೋವು, ನಿಂತುಹೋಗಿದ್ದ ಹಾಸಿಗೆ ಒದ್ದೆಯಾಗುವುದು ಮತ್ತೆ ಶುರುವಾಗುವುದು, ತಂಗಿಯನ್ನು ಚಿವುಟುವುದು, ಉಗುರು ಕಚ್ಚುವುದು.

ಭಾಷೆಯ ತೊಡಕೂ ಇದೆ. ನಮ್ಮ ಮನೆಗಳಲ್ಲಿ ‘ಬೇಜಾರು’ ಎಂಬ ಒಂದೇ ಪದ ಎಷ್ಟು ಕೆಲಸ ಮಾಡುತ್ತದೆ ನೋಡಿ. ಆಡಲು ಯಾರೂ ಇಲ್ಲದಿದ್ದರೆ ಬೇಜಾರು, ಅಜ್ಜ ತೀರಿಕೊಂಡರೆ ಬೇಜಾರು, ಅಮ್ಮ ಬೈದರೆ ಬೇಜಾರು, ಅಣ್ಣನಿಗೆ ಸೈಕಲ್ ತಂದು ತನಗೆ ತರದಿದ್ದರೂ ಬೇಜಾರು. ಹೆದರಿಕೆ, ಹೊಟ್ಟೆಕಿಚ್ಚು, ನಾಚಿಕೆ, ಒಂಟಿತನ, ಅವಮಾನ ಎಲ್ಲವೂ ಆ ಒಂದು ಚೀಲದೊಳಗೆ ಸೇರಿಹೋಗುತ್ತವೆ. ಇದರ ಮೇಲೆ ಉತ್ತರ ಕನ್ನಡದ ಮಗುವಿಗೆ ಮನೆಯ ಮಾತೇ ಬೇರೆ, ಶಾಲೆಯ ಮಾತೇ ಬೇರೆ. ಕಾರವಾರದ ಬಹಳಷ್ಟು ಮನೆಗಳಲ್ಲಿ ಕೊಂಕಣಿ, ಭಟ್ಕಳದಲ್ಲಿ ನವಾಯತಿ, ಶಿರಸಿ-ಸಿದ್ದಾಪುರದ ತೋಟದ ಮನೆಗಳಲ್ಲಿ ಹವಿಗನ್ನಡ, ಅಂಕೋಲೆಯ ಹಾಲಕ್ಕಿ ಕೇರಿಗಳಲ್ಲಿ ಅವರದೇ ಕನ್ನಡ. ಅಕ್ಕೋರು ಪುಸ್ತಕದ ಕನ್ನಡದಲ್ಲಿ “ನಿನಗೆ ದುಃಖವಾಗಿದೆಯೇ?” ಎಂದು ಕೇಳಿದರೆ ಮಗುವಿಗೆ ಪ್ರಶ್ನೆ ಅರ್ಥವಾದೀತು, ಆದರೆ ಅಳುವಾಗ ಅದರ ಬಾಯಿಗೆ ಬರುವುದು ಮಡಿಲಿನ ಮಾತು. ಗೊಂಬೆಯನ್ನು ಚಾಪೆಯ ಅಡಿಗೆ ಬಚ್ಚಿಡುವುದಕ್ಕೆ ಯಾವ ಭಾಷೆಯೂ ಬೇಕಾಗಿಲ್ಲ.

ಸ್ವಿಟ್ಜರ್ಲೆಂಡಿನ ಮನೋವಿಜ್ಞಾನಿ ಜೀನ್ ಪಿಯಾಜೆ ಮಕ್ಕಳ ಬೆಳವಣಿಗೆಯನ್ನು ಹಂತಗಳಾಗಿ ವಿಂಗಡಿಸಿದಾಗ, ಸುಮಾರು ಎರಡರಿಂದ ಏಳು ವರ್ಷದ ಅವಧಿಯ ಮುಖ್ಯ ಲಕ್ಷಣವೆಂದು ಗುರುತಿಸಿದ್ದು ಒಂದನ್ನು ಇನ್ನೊಂದರ ಬದಲಿಗೆ ನಿಲ್ಲಿಸುವ ಶಕ್ತಿಯನ್ನು. ಅದೇ ಕಾಲದ ರಷ್ಯಾದ ಲೆವ್ ವೈಗೋಟ್ಸ್ಕಿ ಕೋಲನ್ನು ಕುದುರೆ ಮಾಡಿಕೊಂಡು ಓಡುವ ಮಗುವಿನ ಉದಾಹರಣೆಯನ್ನೆತ್ತಿಕೊಂಡು, ವಸ್ತುವಿನಿಂದ ಅರ್ಥವನ್ನು ಬಿಡಿಸಿಕೊಳ್ಳುವುದನ್ನು ಮಗು ಕಲಿಯುವುದು ಆಟದಲ್ಲೇ ಎಂದು ವಿವರಿಸಿದರು. ನಮ್ಮ ಕಡೆಯ ಮಕ್ಕಳಿಗೆ ಅಡಿಕೆ ಹಾಳೆ ಇಷ್ಟಕ್ಕೆಲ್ಲ ಸಾಕು. ಕೂತು ಎಳೆಸಿಕೊಂಡರೆ ಅದು ಗಾಡಿ, ತಲೆಗೆ ಕಟ್ಟಿದರೆ ಯಕ್ಷಗಾನದ ಕಿರೀಟ, ಮಡಿಲಲ್ಲಿಟ್ಟು ತೂಗಿದರೆ ತೊಟ್ಟಿಲು. ಹಾಳೆ ತೊಟ್ಟಿಲಾಗಬಲ್ಲದು ಎಂದ ಮೇಲೆ ಕಪ್ಪೆಚಿಪ್ಪು ಅಪ್ಪನೂ ಆಗಬಲ್ಲದು.

ಆಟ ಒಳಗೆ ಮಾಡುವ ಕೆಲಸ

ಮನಸ್ಸಿನ ಒಳಪದರಗಳನ್ನು ಬಿಡಿಸಿ ನೋಡುವ ಮನೋವಿಶ್ಲೇಷಣೆಯನ್ನು ಹುಟ್ಟುಹಾಕಿದ ವೈದ್ಯ ಸಿಗ್ಮಂಡ್ ಫ್ರಾಯ್ಡ್ 1920ರಲ್ಲಿ ಒಂದೂವರೆ ವರ್ಷದ ತನ್ನ ಮೊಮ್ಮಗನ ಆಟವೊಂದನ್ನು ವರ್ಣಿಸಿದರು. ತಾಯಿ ಹೊರಗೆ ಹೋದಾಗ ಅಳದ ಆ ಮಗು, ದಾರ ಕಟ್ಟಿದ ಮರದ ಉರುಳೆಯೊಂದನ್ನು ಪರದೆಯಿದ್ದ ತೊಟ್ಟಿಲಿನೊಳಗೆ ಎಸೆದು ಮರೆಮಾಡಿ ‘ಹೋಯಿತು’ ಎಂಬ ದನಿ ಹೊರಡಿಸುತ್ತಿತ್ತು. ದಾರ ಎಳೆದು ಉರುಳೆ ಕಂಡೊಡನೆ ‘ಬಂತು’ ಎಂದು ಹಿಗ್ಗುತ್ತಿತ್ತು. ಅಮ್ಮ ಹೋಗುವುದು ಮಗುವಿನ ಕೈಯಲ್ಲಿಲ್ಲ. ಉರುಳೆ ಹೋಗುವುದು ಅದರ ಕೈಯಲ್ಲಿದೆ. ತನಗೆ ಆದದ್ದನ್ನು ತಾನೇ ಮಾಡಿನೋಡುವುದರಿಂದ ಮಗು ಅನುಭವಿಸುವವನ ಜಾಗದಿಂದ ನಡೆಸುವವನ ಜಾಗಕ್ಕೆ ಬರುತ್ತದೆ ಎಂಬುದು ಅವರ ಊಹೆಗಳಲ್ಲೊಂದು. ಫ್ರಾಯ್ಡರ ಎಷ್ಟೋ ವಿಚಾರಗಳನ್ನು ಇಂದು ಯಾರೂ ಹಾಗೆಯೇ ಒಪ್ಪುವುದಿಲ್ಲ. ಈ ಒಂದು ಗಮನಿಕೆ ಮಾತ್ರ ಮಕ್ಕಳ ಜೊತೆ ಕೆಲಸ ಮಾಡುವವರ ಕಣ್ಣಿಗೆ ದಿನವೂ ಬೀಳುತ್ತದೆ. ಬಕೆಟ್ಟಿನಲ್ಲಿ ದೋಣಿ ಮುಳುಗಿಸುವ ಹುಡುಗ ಪ್ರತಿ ಸಲ ಅದನ್ನು ಮೇಲೆತ್ತುತ್ತಿದ್ದ ಎಂಬುದನ್ನು ಅಜ್ಜಿ ಗಮನಿಸಲಿಲ್ಲ. ಅವನಿಗೆ ಬೇಕಾಗಿದ್ದದ್ದು ಆ ಎರಡನೆಯ ಅರ್ಧ.

ಇದನ್ನು ಶಿರಸಿಯವರಿಗೆ ಹೇಳುವುದಾದರೆ ಬೇಡರ ವೇಷದ ಉದಾಹರಣೆ ಸಾಕು. ಮಾರಿಕಾಂಬೆಯ ಜಾತ್ರೆ ಎರಡು ವರ್ಷಕ್ಕೊಮ್ಮೆ ನಡೆಯುತ್ತದೆ. ಜಾತ್ರೆಯಿಲ್ಲದ ವರ್ಷ ಹೋಳಿಯ ಹೊತ್ತಿಗೆ ಬೇಡರ ವೇಷ ಬರುತ್ತದೆ. ಬೆನ್ನಿಗೆ ನವಿಲುಗರಿ ಕಟ್ಟಿ, ಮುಖಕ್ಕೆ ಬಣ್ಣ ಬಳಿದು, ಕತ್ತಿ-ಗುರಾಣಿ ಹಿಡಿದ ಬೇಡ ತಮಟೆಯ ಬಡಿತಕ್ಕೆ ರಾತ್ರಿ ಬೀದಿಗಳಲ್ಲಿ ಅಬ್ಬರಿಸಿ ಕುಣಿಯುವಾಗ ಚಿಕ್ಕ ಮಕ್ಕಳು ಅಮ್ಮನ ಸೆರಗಿನಲ್ಲಿ ಮುಖ ಹುದುಗಿಸಿ ಚೀರುತ್ತಾರೆ. ಮರುದಿನ ಬೆಳಿಗ್ಗೆ ಅದೇ ಮಗು ಟವೆಲನ್ನು ಬೆನ್ನಿಗೆ ಸಿಕ್ಕಿಸಿಕೊಂಡು, ಸೌಟು ಹಿಡಿದು, ಜಗಲಿಯ ತುಂಬ ಅಬ್ಬರಿಸುತ್ತಿರುತ್ತದೆ. ಅಜ್ಜ ಹೆದರಿದಂತೆ ನಟಿಸಿದರೆ ಅದಕ್ಕೆ ಎಲ್ಲಿಲ್ಲದ ಖುಷಿ. ನಿನ್ನೆ ತನ್ನನ್ನು ಹೆದರಿಸಿದ್ದನ್ನು ಇಂದು ತಾನೇ ಆಗಿದೆ, ಹೆದರಿಕೆಯನ್ನು ಅಜ್ಜನಿಗೆ ದಾಟಿಸಿದೆ, ಬೇಕಾದಾಗ ನಿಲ್ಲಿಸಿ ನಗುವ ಅಧಿಕಾರವನ್ನೂ ಪಡೆದಿದೆ. ಬೇಡರ ವೇಷದ ಇನ್ನೊಂದು ವಿವರ ನನಗೆ ಬಹಳ ಅರ್ಥಪೂರ್ಣವಾಗಿ ಕಾಣುತ್ತದೆ: ಅಷ್ಟು ಅಬ್ಬರದ ಬೇಡನನ್ನು ಹಿಂದಿನಿಂದ ಹಗ್ಗದಲ್ಲಿ ಹಿಡಿದುಕೊಂಡವರು ಇರುತ್ತಾರೆ. ಅಬ್ಬರಕ್ಕೆ ಎಡೆಯುಂಟು, ಮೇರೆಯೂ ಉಂಟು. ಮಕ್ಕಳ ಸಿಟ್ಟಿನ ಆಟದ ಜೊತೆ ದೊಡ್ಡವರು ಇರಬೇಕಾದದ್ದೂ ಹೀಗೆಯೇ; ಅದಕ್ಕೆ ಮುಂದೆ ಬರುತ್ತೇನೆ.

ಆಟದ ಮತ್ತೊಂದು ಗುಣವೆಂದರೆ ದೂರ. “ನಾನು ತಮ್ಮನನ್ನು ಹೊಡೆಯಬೇಕೆಂದಿದ್ದೇನೆ” ಎಂದು ಹೇಳಿದರೆ ಮಗು ಪೆಟ್ಟು ತಿಂದೀತು. “ಈ ಕರಡಿ ಆ ಪುಟ್ಟ ಕರಡಿಯನ್ನು ಕಾಡಿಗೆ ಬಿಟ್ಟು ಬಂತು” ಎಂದರೆ ಯಾರಿಗೂ ಏನೂ ಆಗುವುದಿಲ್ಲ. ಹೇಳಿದ್ದು ಕರಡಿ, ಮಾಡಿದ್ದು ಕರಡಿ. ಈ ದೂರ ಇರುವುದರಿಂದಲೇ ಮಗು ಅಷ್ಟು ನಿಜವನ್ನು ಹೇಳಬಲ್ಲದು.

ಆಟವನ್ನೇ ಚಿಕಿತ್ಸೆಯ ದಾರಿಯಾಗಿಸುವ ಪ್ರಯತ್ನಗಳು ಯುರೋಪಿನಲ್ಲಿ 1920ರ ದಶಕದಲ್ಲಿ ಗಟ್ಟಿಯಾದವು. ಮೆಲನಿ ಕ್ಲೈನ್ ಆಟಿಕೆಗಳ ಬಳಕೆಯನ್ನು ಮಕ್ಕಳ ಮನೋವಿಶ್ಲೇಷಣೆಯೊಳಗೆ ತಂದರು. ಲಂಡನ್ನಿನ ಮಕ್ಕಳ ವೈದ್ಯೆ ಮಾರ್ಗರೆಟ್ ಲೋವೆನ್‌ಫೆಲ್ಡ್ 1928ರಲ್ಲಿ ಚಿಕಿತ್ಸಾಲಯವೊಂದನ್ನು ತೆರೆದು, ಸಣ್ಣ ಸಣ್ಣ ಆಟಿಕೆಗಳ ಪೆಟ್ಟಿಗೆಯ ಜೊತೆಗೆ ಮರಳು ತುಂಬಿದ ತಟ್ಟೆಗಳನ್ನೂ ಇಟ್ಟರು. ಮಕ್ಕಳು ಆಟಿಕೆಗಳನ್ನು ಮರಳಿನಲ್ಲಿ ಜೋಡಿಸಿ ತಮ್ಮದೇ ಲೋಕಗಳನ್ನು ಕಟ್ಟತೊಡಗಿದರು, ಅದನ್ನೇ ಅವರು ಒಂದು ವಿಧಾನವಾಗಿ ಬೆಳೆಸಿದರು. ಕಾರವಾರದ ಟಾಗೋರ್ ಕಡಲತೀರದಲ್ಲಿ ಸಂಜೆ ಹೊತ್ತು ಮರಳಲ್ಲಿ ಮನೆ ಕಟ್ಟಿ ಒಡೆಯುವ ಮಕ್ಕಳನ್ನು ನೋಡುವಾಗೆಲ್ಲ, ಲಂಡನ್ನಿನಲ್ಲಿ ತಟ್ಟೆಗೆ ತುಂಬಿಸಬೇಕಾದದ್ದು ನಮ್ಮ ಮಕ್ಕಳಿಗೆ ಮೈಲಿಗಟ್ಟಲೆ ಹರಡಿ ಬಿದ್ದಿದೆಯಲ್ಲ ಎನಿಸುತ್ತದೆ. ಆಮೇಲೆ ಅಮೆರಿಕದ ಮನೋವಿಜ್ಞಾನಿ ವರ್ಜೀನಿಯಾ ಆಕ್ಸ್‌ಲೈನ್ 1947ರಲ್ಲಿ ಪ್ರಕಟಿಸಿದ ಎಂಟು ತತ್ವಗಳು ಈ ಕ್ಷೇತ್ರದ ದಿಕ್ಕನ್ನು ಬದಲಿಸಿದವು. ಮಗು ಮುಂದೆ ನಡೆಯಲಿ, ದೊಡ್ಡವರು ಹಿಂದೆ ಬರಲಿ; ಅವಸರ ಬೇಡ; ಮೇರೆಗಳು ಅಗತ್ಯವಿದ್ದಷ್ಟು ಮಾತ್ರ ಇರಲಿ ಎಂಬುದು ಅವುಗಳ ಸಾರ. 1960ರ ದಶಕದಲ್ಲಿ ಬರ್ನಾರ್ಡ್ ಮತ್ತು ಲೂಯಿಸ್ ಗರ್ನಿ ಎಂಬ ಮನೋವಿಜ್ಞಾನಿ ದಂಪತಿ ಇದನ್ನು ತಂದೆತಾಯಂದಿರಿಗೇ ಕಲಿಸಬಹುದೆಂದು ತೋರಿಸಿದರು. ವಾರಕ್ಕೊಮ್ಮೆ ಅರ್ಧ ಗಂಟೆ, ತರಬೇತಿ ಪಡೆದ ತಾಯಿಯೋ ತಂದೆಯೋ ಮಗುವಿನ ಜೊತೆ ಈ ರೀತಿಯಲ್ಲಿ ಆಡುವುದು ಅವರ ಪದ್ಧತಿ.

ಜೊತೆಗೆ ಕೂರುವುದು

ಮನೆಯಲ್ಲಿ ನಾವು ಮಾಡುವುದು ಚಿಕಿತ್ಸೆಯಲ್ಲ, ಹಾಗೆಂದು ಭಾವಿಸಲೂಬಾರದು. ಆದರೆ ಆಕ್ಸ್‌ಲೈನರ ದಾರಿಯಿಂದ ಕಲಿಯಬಹುದಾದದ್ದು ಬಹಳವಿದೆ. ವಾರಕ್ಕೆ ಎರಡು-ಮೂರು ದಿನ, ಹದಿನೈದು-ಇಪ್ಪತ್ತು ನಿಮಿಷ, ಸಾಧ್ಯವಾದರೆ ಒಂದೇ ಹೊತ್ತಿಗೆ, ಒಂದೇ ಜಾಗದಲ್ಲಿ. ಮೊಬೈಲು ಒಳಗಿನ ಕೋಣೆಯಲ್ಲಿರಲಿ. ಕೊಯ್ಲಿನ ಕಾಲದಲ್ಲಿ, ಮನೆಯಂಗಳದಲ್ಲಿ ರಾಶಿ ಅಡಿಕೆ ಬಿದ್ದಿರುವಾಗ ಇಷ್ಟೂ ಸಮಯ ಸಿಗದು ಎನ್ನುವವರ ಮಾತು ನಿಜ. ಅಂಥ ಮನೆಯಲ್ಲಿ ಹತ್ತು ನಿಮಿಷವೂ ಆದೀತು, ಆದರೆ ಆ ಹತ್ತು ನಿಮಿಷ ಪೂರ್ತಿಯಾಗಿ ಮಗುವಿನದಾಗಿರಬೇಕು. ಸಾಮಾನುಗಳಿಗೆ ಅಂಗಡಿಗೆ ಹೋಗಬೇಕಾಗಿಲ್ಲ. ಹಳೆಯ ಸೀರೆಯ ತುಂಡಿನ ಗೊಂಬೆಗಳು, ಕರಟ, ಚಿಪ್ಪು, ತೆಂಗಿನ ಗರಿಯ ಹಾವು, ಹಿಟ್ಟಿನ ಮುದ್ದೆ, ಒಂದಿಷ್ಟು ಮರಳು ಅಥವಾ ಒದ್ದೆ ಮಣ್ಣು, ಕಾಗದ ಮತ್ತು ಬಣ್ಣ. ಮನೆಮಂದಿಯಷ್ಟು ಗೊಂಬೆಗಳು ಮತ್ತು ಒಂದೆರಡು ಹೆದರಿಸುವ ಪ್ರಾಣಿಗಳು ಇದ್ದರೆ ಒಳ್ಳೆಯದು. ಬ್ಯಾಟರಿ ಹಾಕಿದರೆ ತಾನೇ ಹಾಡುವ ಆಟಿಕೆ ಈ ಕೆಲಸಕ್ಕೆ ಬರುವುದಿಲ್ಲ, ಅದು ತನ್ನ ಕತೆಯನ್ನೇ ಹೇಳುತ್ತದೆ.

ಕೂತ ಮೇಲೆ ಮೊದಲ ಕೆಲಸ ಸುಮ್ಮನಿರುವುದು. ನಮ್ಮಲ್ಲಿ ದೊಡ್ಡವರು ಮಗುವಿನ ಆಟಕ್ಕೆ ಬಂದೊಡನೆ ಅದು ಪರೀಕ್ಷೆಯಾಗುತ್ತದೆ: “ಇದು ಯಾವ ಬಣ್ಣ? ಎಷ್ಟು ಚಿಪ್ಪು ಇದೆ, ಎಣಿಸು ನೋಡುವ.” ಆ ಪ್ರಶ್ನೆ ಕಿವಿಗೆ ಬಿದ್ದ ಕೂಡಲೇ ಮಗು ಕತೆಯಿಂದ ಹೊರಬಂದು ಪಾಠಕ್ಕೆ ಕೂರುತ್ತದೆ. ಪ್ರಶ್ನೆಯ ಬದಲು ಕಂಡದ್ದನ್ನು ಹೇಳಿದರೆ ಸಾಕು. “ದೋಣಿ ಮುಳುಗಿತು.” ಅಷ್ಟೇ. ಸ್ವಲ್ಪ ಹೊತ್ತು ಬಿಟ್ಟು, “ಓ, ಎದ್ದು ಬಂತು.” ಯಾರೋ ತನ್ನನ್ನು ನೋಡುತ್ತಿದ್ದಾರೆ, ಬೈಯುತ್ತಿಲ್ಲ, ಅವಸರಪಡಿಸುತ್ತಿಲ್ಲ ಎಂಬುದು ಮಗುವಿಗೆ ಈ ಸಣ್ಣ ಮಾತುಗಳಿಂದಲೇ ತಿಳಿಯುತ್ತದೆ.

ಇನ್ನೊಂದು ಹೆಜ್ಜೆ ಮುಂದೆ ಹೋಗಿ ಭಾವನೆಯನ್ನು ಹೆಸರಿಸಬಹುದು, ಆದರೆ ಅದನ್ನು ಮಗುವಿಗೆ ಅಂಟಿಸದೆ ಗೊಂಬೆಗೇ ಕೊಡಬೇಕು. “ಚಿಪ್ಪಿಗೆ ಹೆದರಿಕೆ ಆಗಿರಬೇಕು, ಅಷ್ಟು ದೊಡ್ಡ ಅಲೆ” ಎಂದರೆ ಮಗು “ಹೌದು, ಅದು ಅಳ್ತಾ ಇದೆ” ಎಂದು ಮುಂದುವರಿಸೀತು, ಇಲ್ಲವೇ “ಇಲ್ಲ, ಅದಕ್ಕೆ ಸಿಟ್ಟು ಬಂದಿದೆ” ಎಂದು ತಿದ್ದೀತು. ತಿದ್ದಿದರೆ ಒಪ್ಪಿಕೊಳ್ಳಬೇಕು, ಆ ತಿದ್ದುಪಡಿಯೇ ದೊಡ್ಡ ಮಾತು. ಅದರ ಬದಲು “ಚಿಪ್ಪು ಅಂದರೆ ಅಪ್ಪ ಅಲ್ಲವಾ? ನಿನಗೆ ಅಪ್ಪನ ಚಿಂತೆಯಾ?” ಎಂದರೆ ಆಟ ನೀಡಿದ್ದ ದೂರವನ್ನು ನಾವು ಒಂದೇ ಏಟಿಗೆ ಕಿತ್ತುಹಾಕಿದಂತೆ. ಹೆಚ್ಚಿನ ಮಕ್ಕಳು ಆ ಕ್ಷಣ ಆಟವನ್ನೇ ಬಿಟ್ಟು ಎದ್ದುಹೋಗುತ್ತಾರೆ. ನಮಗೆ ಅರ್ಥವಾಗಿದೆ ಎಂದು ತೋರಿಸಿಕೊಳ್ಳುವ ಆಸೆಯನ್ನು ನುಂಗಿಕೊಳ್ಳಬೇಕಾದದ್ದು ಇಲ್ಲಿಯೇ.

ಕತೆಯ ಕೊನೆಯನ್ನು ಬೇಗ ಸರಿಪಡಿಸುವ ಚಪಲವೂ ನಮಗಿದೆ. ಹುಲಿ ಕರುವನ್ನು ಹಿಡಿದರೆ “ಅಷ್ಟರಲ್ಲಿ ಬೇಟೆಗಾರ ಬಂದ, ಕರು ಬದುಕಿತು” ಎಂದು ಓಡೋಡಿ ಹೇಳಿಬಿಡುತ್ತೇವೆ. ಅದು ನಮ್ಮ ಸಮಾಧಾನಕ್ಕೆ. ಮಗುವಿಗೆ ಇವತ್ತು ಕರು ಸಾಯಬೇಕಾಗಿದ್ದರೆ ಸಾಯಲಿ. ನಾಳೆಯ ಆಟದಲ್ಲಿ ಅದು ಕೊಂಬಿನಿಂದ ತಿವಿದು ಬಂದೀತು, ಅದನ್ನು ತರಬೇಕಾದದ್ದು ಮಗುವೇ. ಬದಲಿಗೆ ನಾವು ಕೇಳಬಹುದಾದ ಒಳ್ಳೆಯ ಪ್ರಶ್ನೆ ಒಂದಿದೆ: “ನಾನು ಯಾರಾಗಲಿ?” ಮಗು ಕೊಟ್ಟ ಪಾತ್ರವನ್ನು ಅದು ಹೇಳಿದಂತೆ ಆಡಬೇಕು, ಅದು ಬೈಸಿಕೊಳ್ಳುವ ಪಾತ್ರವಾದರೂ ಸರಿಯೇ. ಶಾಲೆಗೆ ಹೊಸದಾಗಿ ಸೇರಿದ ಮಗು ಮನೆಗೆ ಬಂದು ಅಕ್ಕೋರಾಗಿ, ದಿಂಬುಗಳನ್ನು ಸಾಲಾಗಿ ಕೂರಿಸಿ, ಕೋಲು ಹಿಡಿದು ಗದರುವುದನ್ನು ಎಲ್ಲರೂ ಕಂಡಿದ್ದೇವೆ. ಆ ಸಾಲಿನ ಕೊನೆಗೆ ನಾವೂ ಕೂತು, “ಅಕ್ಕೋರೇ, ನನಗೆ ಮನೆಗೆ ಹೋಗಬೇಕು” ಎಂದರೆ ಅಕ್ಕೋರು ಏನೆನ್ನುತ್ತಾರೆ ಎಂಬುದರಿಂದ ಆ ದಿನ ಶಾಲೆಯಲ್ಲಿ ಮಗುವಿಗೆ ಏನು ಬೇಕಾಗಿತ್ತು ಎಂಬುದು ಎಷ್ಟೋ ಸಲ ಹೊರಬೀಳುತ್ತದೆ.

ಈಗ ಹಗ್ಗದ ವಿಷಯ. ಸಿಟ್ಟಿನ ಆಟದಲ್ಲಿ ಮಗು ನಿಜವಾಗಿಯೂ ಹೊಡೆಯಲು ಬಂದರೆ, ವಸ್ತು ಒಡೆಯಲು ಹೊರಟರೆ, ಆಟದ ಹೆಸರಿನಲ್ಲಿ ಸಹಿಸಿಕೊಳ್ಳುವುದು ತಪ್ಪು. ಮೇರೆ ಇಲ್ಲದ ಕಡೆ ಮಗುವಿಗೇ ತನ್ನ ಸಿಟ್ಟಿನ ಭಯ ಹುಟ್ಟುತ್ತದೆ. ಮೊದಲು ಭಾವನೆಯನ್ನು ಒಪ್ಪಿ, ಆಮೇಲೆ ಮೇರೆ ಹೇಳಿ, ಕೊನೆಗೆ ಬೇರೆ ದಾರಿ ತೋರಿಸುವುದು ಕ್ರಮ: “ನಿನಗೆ ತುಂಬ ಸಿಟ್ಟು ಬಂದಿದೆ. ನನ್ನನ್ನು ಹೊಡೆಯುವ ಹಾಗಿಲ್ಲ. ಬೇಡರ ವೇಷದವನು ಆ ಕಂಬದ ಎದುರು ಅಬ್ಬರಿಸಬಹುದು, ನಾನು ಹಗ್ಗ ಹಿಡಿಯುತ್ತೇನೆ.” ದನಿ ಏರಬಾರದು, ಇಳಿಯಲೂಬಾರದು. ದಿಂಬಿಗೆ ಗುದ್ದಿಸಿದರೆ ಸಿಟ್ಟು ಹೊರಟುಹೋಗುತ್ತದೆ ಎಂಬ ಸಲಹೆ ಈಗ ಎಲ್ಲೆಡೆ ಕೇಳಿಬರುತ್ತದೆ. ಸಿಟ್ಟನ್ನು ಹೊಡೆದು ಕಳೆಯಬಹುದೆಂಬ ನಂಬಿಕೆಗೆ ಸಂಶೋಧನೆಯ ಆಧಾರ ಗಟ್ಟಿಯಾಗಿಲ್ಲ, ಹೊಡೆತದ ಅಭ್ಯಾಸ ಸಿಟ್ಟನ್ನು ಬೆಳೆಸುವುದೂ ಉಂಟು. ಸಿಟ್ಟಿಗೊಂದು ಕತೆ ಸಿಕ್ಕಾಗ, ಯಾರಿಗೆ ಯಾಕೆ ಸಿಟ್ಟು ಬಂತು ಎಂದು ಹುಲಿಯೋ ಬೇಡನೋ ಹೇಳತೊಡಗಿದಾಗ ಅದು ಇಳಿಯುತ್ತದೆ.

ಕೂಡುಕುಟುಂಬದ ಮನೆಗಳಲ್ಲಿ ಒಂದು ಎಚ್ಚರ ಹೆಚ್ಚು ಬೇಕು. ಮಗು ಆಡಿದ್ದನ್ನು ಸಂಜೆ ಚಹಾದ ಹೊತ್ತಿಗೆ ಎಲ್ಲರ ಮುಂದೆ ಹೇಳಿ ನಗುವುದು ನಮಗೆ ಪ್ರೀತಿಯ ರೂಢಿ. “ನಮ್ಮ ಮಾಣಿ ಇವತ್ತು ಗೊಂಬೆಗೆ ಏನು ಬೈದ ಗೊತ್ತುಂಟಾ?” ಬಾಗಿಲ ಸಂದಿಯಲ್ಲಿ ನಿಂತ ಮಾಣಿಗೆ ಅದು ಪ್ರೀತಿಯಾಗಿ ಕೇಳಿಸುವುದಿಲ್ಲ. ಎರಡು ಸಲ ಹೀಗಾದರೆ ಅವನು ದೊಡ್ಡವರೆದುರು ಆಡುವುದನ್ನೇ ನಿಲ್ಲಿಸುತ್ತಾನೆ.

ಹೊಸ ಕೂಸು, ಅಜ್ಜನ ಸಾವು

ತಮ್ಮನೋ ತಂಗಿಯೋ ಹುಟ್ಟಿದಾಗ ದೊಡ್ಡ ಮಗು ಮತ್ತೆ ಕೂಸಾಗಲು ಬಯಸುವುದು ಬಹಳ ಸಾಮಾನ್ಯ. ಅಮ್ಮ ಬಾಳಂತನಕ್ಕೆ ತವರಿನಲ್ಲಿದ್ದು ಮೂರು ತಿಂಗಳ ಬಳಿಕ ಮರಳಿದರೆ, ಅವಳ ಮಡಿಲಲ್ಲಿ ಬೇರೊಬ್ಬರು. ಐದು ವರ್ಷದವಳು ತೊದಲತೊಡಗುತ್ತಾಳೆ, ಬಾಟಲಿಯಲ್ಲಿ ಹಾಲು ಬೇಕೆನ್ನುತ್ತಾಳೆ, ಗೊಂಬೆಯನ್ನು ಅಕ್ಕಿ ಡಬ್ಬಿಯೊಳಗೆ ಹಾಕಿ ಮುಚ್ಚಳ ಮುಚ್ಚುತ್ತಾಳೆ. “ನೀನೀಗ ಅಕ್ಕ, ಹಾಗೆಲ್ಲ ಮಾಡಬಾರದು” ಎಂಬ ಮಾತನ್ನು ಅವಳು ದಿನಕ್ಕೆ ಹತ್ತು ಸಲ ಕೇಳಿರುತ್ತಾಳೆ. ಆಟದ ಆ ಇಪ್ಪತ್ತು ನಿಮಿಷ ಅವಳು ಕೂಸಾಗಲಿ. ಸೀರೆಯಲ್ಲಿ ಸುತ್ತಿ ತೊಡೆಯ ಮೇಲೆ ಮಲಗಿಸಿ, ಜೋಗುಳ ಹಾಡಿ, “ಈ ಕೂಸಿಗೆ ಎಷ್ಟು ಪುಟ್ಟ ಬೆರಳು!” ಎಂದರೆ, ಹೆಚ್ಚಿನ ಸಲ ಅವಳೇ ಸ್ವಲ್ಪ ಹೊತ್ತಿನಲ್ಲಿ “ಸಾಕು, ಈಗ ನಾನು ಅಮ್ಮ” ಎಂದು ಎದ್ದು ಕೂರುತ್ತಾಳೆ. ಡಬ್ಬಿಯೊಳಗೆ ಹೋದ ಗೊಂಬೆಯಿಂದ ಅವಳಿಗೆ ತಮ್ಮನ ಮೇಲೆ ದ್ವೇಷವೆಂದು ತೀರ್ಮಾನಿಸಬಾರದು. ಒಂದು ದಿನದ ಒಂದು ಆಟ ಏನನ್ನೂ ಸಾಬೀತುಮಾಡುವುದಿಲ್ಲ. ಗೊಂಬೆ ಡಬ್ಬಿಯಲ್ಲಿದೆ, ತಮ್ಮ ತೊಟ್ಟಿಲಲ್ಲಿ ಕ್ಷೇಮವಾಗಿದ್ದಾನೆ ಎಂಬ ವ್ಯತ್ಯಾಸ ಅವಳಿಗೆ ನಮಗಿಂತ ಚೆನ್ನಾಗಿ ಗೊತ್ತಿರುತ್ತದೆ.

ಸಾವಿನ ಮುಂದೆ ನಾವು ಇನ್ನಷ್ಟು ತಡಬಡಾಯಿಸುತ್ತೇವೆ. ಐದು ವರ್ಷದೊಳಗಿನ ಹೆಚ್ಚಿನ ಮಕ್ಕಳಿಗೆ ಸತ್ತವರು ಮರಳಿ ಬರುವುದಿಲ್ಲ ಎಂಬುದು ಪೂರ್ತಿ ಹಿಡಿತಕ್ಕೆ ಸಿಕ್ಕಿರುವುದಿಲ್ಲ. ಆ ತಿಳಿವಳಿಕೆ ಐದರಿಂದ ಏಳರ ನಡುವೆ ಮೆಲ್ಲಗೆ ಬರುತ್ತದೆ. “ಅಜ್ಜ ಮಲಗಿದ್ದಾನೆ” ಎಂದು ಹೇಳಿದರೆ ಮಗು ತಾನು ಮಲಗಲು ಹೆದರೀತು. “ಊರಿಗೆ ಹೋಗಿದ್ದಾನೆ” ಎಂದರೆ ದಿನವೂ ಬಸ್ಸು ಕಾದೀತು. ಅಜ್ಜ ಸತ್ತುಹೋದ, ಅವನ ಮೈ ಕೆಲಸ ಮಾಡುವುದನ್ನು ನಿಲ್ಲಿಸಿತು, ಇನ್ನು ಬರುವುದಿಲ್ಲ, ನಮಗೆಲ್ಲ ಅಳು ಬರುತ್ತಿದೆ ಎಂಬ ನೇರವಾದ ಮೃದು ಮಾತೇ ಒಳ್ಳೆಯದು. ಅದನ್ನು ಕೇಳಿದ ಮಗು ಮರುದಿನ ಗೊಂಬೆಯನ್ನು ಅಡಿಕೆ ಹಾಳೆಯ ಮೇಲೆ ಮಲಗಿಸಿ, ತುಳಸಿ ಎಲೆ ಇಟ್ಟು, ತೋಟದ ಕಡೆಗೆ ಎಳೆದುಕೊಂಡು ಹೋದರೆ ಮನೆಯವರಿಗೆ ನೋಡಲಾಗದು. ಸೂತಕದ ಮನೆಯಲ್ಲಿ ಹೆಣದ ಆಟವೇ ಎಂದು ಗದರದವರು ವಿರಳ. ನೋಡಲಾಗದಿದ್ದರೆ ಆ ದಿನ ಬೇರೆ ಯಾರಾದರೂ, ಅತ್ತೆಯೋ ಚಿಕ್ಕಪ್ಪನೋ ಮಗುವಿನ ಬಳಿ ಕೂರಲಿ. ಆಟವನ್ನು ಮಾತ್ರ ತಡೆಯಬಾರದು. ದೊಡ್ಡವರು ಹದಿಮೂರು ದಿನಗಳ ಕ್ರಿಯೆಗಳಲ್ಲಿ ಮಾಡಿಕೊಳ್ಳುವುದನ್ನು ಮಗು ತನ್ನ ಹಾಳೆಯ ಮೇಲೆ ಮಾಡಿಕೊಳ್ಳುತ್ತಿದೆ.

ಸಿಕ್ಕಿಬಿದ್ದ ಆಟ

ಎಲ್ಲ ಆಟವೂ ಹಗುರಮಾಡುತ್ತದೆ ಎಂದು ಹೇಳುವಂತಿಲ್ಲ. 1976ರ ಜುಲೈಯಲ್ಲಿ ಅಮೆರಿಕದ ಚೌಚಿಲ್ಲಾ ಎಂಬ ಊರಿನಲ್ಲಿ 26 ಮಕ್ಕಳನ್ನು ಶಾಲಾ ಬಸ್ಸಿನ ಸಮೇತ ಅಪಹರಿಸಿ, ನೆಲದಡಿ ಹೂತಿದ್ದ ಲಾರಿಯ ಪೆಟ್ಟಿಗೆಯೊಳಗೆ ಕೂಡಿಹಾಕಿದರು. ಮಕ್ಕಳು ಮತ್ತು ಚಾಲಕ ತಾವೇ ಅಗೆದು ಹೊರಬಂದರು. ಆ ಮಕ್ಕಳನ್ನು ವರ್ಷಗಳ ಕಾಲ ಗಮನಿಸಿದ ಮನೋವೈದ್ಯೆ ಲೆನೋರ್ ಟೆರ್, ಆಘಾತದ ನಂತರದ ಆಟಕ್ಕೆ ಬೇರೆಯೇ ಲಕ್ಷಣವಿದೆ ಎಂದು ವಿವರಿಸಿದರು. ಅದು ಒಂದೇ ರೀತಿಯಲ್ಲಿ, ಬಿಡದೆ, ಸಂತೋಷವಿಲ್ಲದೆ ಮರುಕಳಿಸುತ್ತದೆ. ಆಡಿದ ಮೇಲೆ ಭಯ ಇಳಿಯುವುದಿಲ್ಲ, ಕೆಲವೊಮ್ಮೆ ಏರುತ್ತದೆ.

ನಮ್ಮ ಜಿಲ್ಲೆಗೆ ಇದು ದೂರದ ಮಾತಲ್ಲ. 2024ರ ಜುಲೈ 16ರಂದು ಅಂಕೋಲಾ ತಾಲ್ಲೂಕಿನ ಶಿರೂರಿನಲ್ಲಿ ರಾಷ್ಟ್ರೀಯ ಹೆದ್ದಾರಿ 66ರ ಮೇಲೆ ಗುಡ್ಡ ಕುಸಿದು ಹಲವರು ಪ್ರಾಣ ಕಳೆದುಕೊಂಡರು. ಗಂಗಾವಳಿ ನದಿಯಲ್ಲಿ ಶೋಧ ಬಹಳ ಕಾಲ ನಡೆಯಿತು, ಟಿವಿಗಳಲ್ಲಿ ಅದೇ ದೃಶ್ಯ ದಿನವಿಡೀ ತಿರುಗಿತು. ಪುಟ್ಟ ಮಕ್ಕಳು ಪ್ರತಿ ಮರುಪ್ರಸಾರವನ್ನೂ ಹೊಸದಾಗಿ ನಡೆದ ಘಟನೆಯೆಂದೇ ತಿಳಿಯಬಹುದು; ಅಂಥ ದಿನಗಳಲ್ಲಿ ಟಿವಿ ಆರಿಸುವುದೇ ಮೊದಲ ಉಪಚಾರ. ಗುಡ್ಡದ ಬುಡದಲ್ಲಿ ಮನೆಯಿರುವ ಮಗು ಒದ್ದೆ ಮಣ್ಣಿನ ಗುಡ್ಡ ಮಾಡಿ ಆಟಿಕೆಯ ಲಾರಿಯನ್ನು ಹೂಳಿದರೆ ಅದರಲ್ಲಿ ಆಶ್ಚರ್ಯವಿಲ್ಲ. ಗಮನಿಸಬೇಕಾದದ್ದು ಆಟದಲ್ಲಿ ಏನು ಬದಲಾಗುತ್ತಿದೆ ಎಂಬುದನ್ನು. ಮೂರನೆಯ ದಿನ ಒಂದು ಜೆಸಿಬಿ ಬಂತೇ, ಲಾರಿಯವನಿಗೆ ಹೆಸರು ಬಂತೇ, ಮಗು ನಡುವೆ ನಿಮ್ಮ ಮುಖ ನೋಡಿತೇ? ಹಾಗಾದರೆ ಆಟ ನಡೆಯುತ್ತಿದೆ. ವಾರಗಳು ಕಳೆದರೂ ಅದೇ ಗುಡ್ಡ, ಅದೇ ಲಾರಿ, ಅದೇ ಬಿಗಿದ ಮುಖವಾದರೆ ಅದು ಸಿಕ್ಕಿಬಿದ್ದಿದೆ. ಆಗ ಹಿಂದೆ ನಡೆಯುವ ನಿಯಮವನ್ನು ಸ್ವಲ್ಪ ಸಡಿಲಿಸಿ, ನಾವೇ ಮೆಲ್ಲಗೆ ಒಂದು ಕೈ ಸೇರಿಸಬಹುದು: “ದೂರದಲ್ಲಿ ಯಾರೋ ಗುದ್ದಲಿ ಹಿಡಿದು ಬರುತ್ತಿದ್ದಾರೆ. ಅವರು ಇಲ್ಲಿಗೆ ಬರಬಹುದಾ?” ಮಗು ಬೇಡವೆಂದರೆ ಒತ್ತಾಯಿಸಬಾರದು.

ಅಂಥ ಆಟದ ಜೊತೆಗೆ ನಿದ್ದೆ ಕೆಡುವುದು, ಊಟ ಬಿಡುವುದು, ಕಲಿತ ಮಾತು-ಅಭ್ಯಾಸಗಳು ಹಿಂದೆ ಸರಿಯುವುದು, ಯಾರ ಜೊತೆಗೂ ಸೇರದಿರುವುದು, ತನ್ನನ್ನು ತಾನೇ ನೋಯಿಸಿಕೊಳ್ಳುವುದು ಒಂದು ತಿಂಗಳಿಗೂ ಮೀರಿ ಮುಂದುವರಿದರೆ ನೆರವು ಕೇಳಬೇಕು. ತನ್ನನ್ನು ನೋಯಿಸಿಕೊಳ್ಳುವುದು ಕಂಡರಂತೂ ತಿಂಗಳು ಕಾಯಬಾರದು. ಸರ್ಕಾರದ ಮಾನಸಿಕ ಆರೋಗ್ಯದ ಟೆಲಿ-ಮಾನಸ್ ಸಹಾಯವಾಣಿ 14416ಕ್ಕೆ ಯಾವ ಹೊತ್ತಿನಲ್ಲಿಯೂ ಕರೆಮಾಡಿ ಕನ್ನಡದಲ್ಲಿ ಮಾತಾಡಬಹುದು. ಕಾರವಾರದ ವೈದ್ಯಕೀಯ ವಿಜ್ಞಾನ ಸಂಸ್ಥೆಯ ಆಸ್ಪತ್ರೆಯಲ್ಲಿ ವಿಚಾರಿಸಬಹುದು. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಮಕ್ಕಳಿಗಾಗಿಯೇ ಪ್ರತ್ಯೇಕ ವಿಭಾಗವಿದೆ. ಮಗು ತನ್ನ ವಯಸ್ಸಿಗೆ ತಿಳಿಯಬಾರದ ಲೈಂಗಿಕ ಸಂಗತಿಗಳನ್ನು ಗೊಂಬೆಗಳ ಮೇಲೆ ವಿವರವಾಗಿ, ಮತ್ತೆ ಮತ್ತೆ ಆಡಿ ತೋರಿಸಿದರೆ, ಗಾಬರಿಯನ್ನು ಮುಖದಲ್ಲಿ ತೋರಿಸದೆ, ಹೊಡೆಯದೆ, ಒಬ್ಬರಾದ ಮೇಲೆ ಒಬ್ಬರು ವಿಚಾರಿಸದೆ, ಅದು ಹೇಳಿದ್ದನ್ನು ಹೇಳಿದ ಹಾಗೆಯೇ ಬರೆದಿಟ್ಟು, ತಡಮಾಡದೆ ಮಕ್ಕಳ ಸಹಾಯವಾಣಿ 1098ಕ್ಕೆ ಕರೆಮಾಡಬೇಕು. ದೌರ್ಜನ್ಯ ನಡೆದಿದೆಯೆಂದು ತಿಳಿದವರು ಅದನ್ನು ಪೊಲೀಸರಿಗೆ ತಿಳಿಸುವುದು 2012ರ ಪೋಕ್ಸೊ ಕಾಯ್ದೆಯಡಿ ಕಡ್ಡಾಯ. ಮನೆಯ ಮರ್ಯಾದೆಯ ಹೆಸರಿನಲ್ಲಿ ಇದನ್ನು ಮುಚ್ಚಿಟ್ಟ ಕಡೆ ಮಗು ಎರಡನೆಯ ಸಲ ಒಂಟಿಯಾಗುತ್ತದೆ.

ಆಟ ಮುಗಿಸುವುದಕ್ಕೂ ಒಂದು ಕ್ರಮವಿದೆ. “ಇನ್ನು ಐದು ನಿಮಿಷ” ಎಂದು ಮೊದಲೇ ಹೇಳಬೇಕು, ನಡುವೆ ಎಬ್ಬಿಸಬಾರದು. ಮುಗಿದಾಗ ಸಾಮಾನುಗಳನ್ನು ಮಗು ಇಟ್ಟ ಹಾಗೆಯೇ ಎತ್ತಿಡಬೇಕು. ಚಿಪ್ಪು ಎಲ್ಲಿ ಮಲಗಲಿ ಎಂದು ಮಗುವನ್ನೇ ಕೇಳಬಹುದು.

ಆ ಅಜ್ಜಿಗೆ ಈಗಲೂ ಅವಕಾಶವಿದೆ. ಕರಟ ತೆಂಗಿನ ಬುಡದಲ್ಲೇ ಬಿದ್ದಿದೆ. ಅದನ್ನು ಹೆಕ್ಕಿ ತಂದು, ತೊಳೆದು, ಬಕೆಟ್ಟಿನ ಪಕ್ಕ ಚಕ್ಕಳಮಕ್ಕಳ ಹಾಕಿ ಕೂತು, “ನಾನು ಯಾರಾಗಲಿ ಮಗಾ?” ಎಂದು ಕೇಳಿದರೆ ಹುಡುಗ ಸ್ವಲ್ಪ ಹೊತ್ತು ಅನುಮಾನದಿಂದ ನೋಡಿಯಾನು. ಆಮೇಲೆ, “ನೀನು ಬಂದರದಲ್ಲಿ ನಿಂತ್ಕೋ. ಬೋಟು ಬರ್ತದೆ” ಎಂದಾನು. ಎಷ್ಟು ಹೊತ್ತಿಗೆ ಬರುತ್ತದೆಂದು ಅವನು ಹೇಳುವುದಿಲ್ಲ, ಅಜ್ಜಿ ಕೇಳಲೂಬೇಕಾಗಿಲ್ಲ.